ಒಂದು ಸಿಂಹಕ್ಕೆ ಹತ್ತು ಹೆಸರು, ಒಬ್ಬ ಪೀರರಿಗೆ ಆರು

ಅರಬ್ಬಿ ನಿಘಂಟಿನಲ್ಲಿ ಫಾತಿಮಾ ಎಂಬ ಹೆಸರನ್ನು ಹುಡುಕಿದರೆ ಸಿಗುವ ಅರ್ಥ ‘ಮೊಲೆಹಾಲು ಬಿಡಿಸಿದವಳು’. ಯಜೀದ್ ಎಂಬುದನ್ನು ಹುಡುಕಿದರೆ ‘ವೃದ್ಧಿಸುತ್ತಾನೆ’. ಬರೀ ಅರ್ಥ ತೂಗಿ ಹೆಸರಿಡುವುದಾದರೆ ಎರಡನೆಯದನ್ನೇ ಹೆಚ್ಚು ಜನ ಆರಿಸಬೇಕಿತ್ತು. ಮಗನಿಗೆ ವರ್ಧಮಾನ ಎಂದು ಕರೆಯುವ ನಾಡಿನಲ್ಲಿ ಅದು ವಿಚಿತ್ರವಾಗಿಯೂ ಕೇಳಿಸುತ್ತಿರಲಿಲ್ಲ. ಆದರೆ ಕರ್ನಾಟಕದ ಯಾವ ಊರಿನ ಮುಸ್ಲಿಂ ಕೇರಿಗೆ ಹೋದರೂ ಒಬ್ಬ ಫಾತಿಮಾ, ಒಬ್ಬ ಫಾತಿಮಾಬಿ, ಒಬ್ಬ ಬೀಫಾತಿಮಾ ಸಿಕ್ಕೇ ಸಿಗುತ್ತಾರೆ. ಯಜೀದ್ ಸಿಗುವುದು ದುರ್ಲಭ. ಫಾತಿಮಾ ಪ್ರವಾದಿ ಮುಹಮ್ಮದರ ಮಗಳು. ಯಜೀದನೋ, ಆಕೆಯ ಮಗ ಹುಸೇನರನ್ನು ಕ್ರಿ.ಶ. 680ರಲ್ಲಿ ಕರ್ಬಲಾದಲ್ಲಿ ಕೊಂದ ಪಡೆಯ ದೊರೆ. ಮುದಗಲ್ಲಿನ ಮೊಹರಮ್ಮಿಗೆ ಸೇರುವ ಹಿಂದೂಗಳಿಗೂ ಗೊತ್ತಿರುವ ಕಥೆ ಇದು. ಹಾಗೆಂದು ಆ ಹೆಸರು ಎಲ್ಲೆಡೆ ಸತ್ತುಹೋಯಿತು ಎಂದೂ ಹೇಳುವಂತಿಲ್ಲ. ಬಸ್ತಾಮಿನ ಸೂಫಿ ಅಬೂ ಯಜೀದರ ಮೂಲಕ ಅದೇ ಪದ ಬಾಯಜೀದ್ ಎಂಬ ರೂಪದಲ್ಲಿ ಪೂಜ್ಯವಾಗಿ ಉಳಿಯಿತು, ತುರ್ಕಿಯ ಆಟೊಮನ್ ಸುಲ್ತಾನರಿಗೂ ಹೆಸರಾಯಿತು. ಧಾತು ಒಂದೇ, ಅರ್ಥವೂ ಒಂದೇ. ಹೊತ್ತವರು ಮಾತ್ರ ಬೇರೆ.

‘ಮುಸ್ಲಿಂ ಹೆಸರುಗಳು ಮತ್ತು ಅವುಗಳ ಅರ್ಥ’ ಎಂಬ ಪಟ್ಟಿಗಳು ಈಗ ಪುಸ್ತಕದಂಗಡಿಯಿಂದ ಮೊಬೈಲಿನವರೆಗೆ ಎಲ್ಲೆಡೆ ಇವೆ. ಎಡಗಡೆ ಹೆಸರು, ಬಲಗಡೆ ಒಂದು ಪದದ ಅರ್ಥ. ಇವುಗಳ ಮೇಲಿನ ನನ್ನ ತಕರಾರು ಅವುಗಳಲ್ಲಿನ ತಪ್ಪುಗಳ ಕುರಿತಾದುದಲ್ಲ, ತಪ್ಪುಗಳು ಸಾಕಷ್ಟಿದ್ದರೂ. ಹೆಸರನ್ನು ಹೆಸರಾಗಿಸುವ ಸಂಗತಿಯನ್ನೇ ಆ ಪಟ್ಟಿಗಳು ಬಿಟ್ಟುಬಿಡುತ್ತವೆ. ಅರಬ್ಬಿ ಮತ್ತು ಮುಸ್ಲಿಂ ಹೆಸರುಗಳು ಒಂದು ಸಾವಿರದ ನಾನೂರು ವರ್ಷ ನಡೆದು ಬಂದಿರುವುದು ಪದಾರ್ಥದ ಬಲದಿಂದಲ್ಲ, ಯಾರೋ ಒಬ್ಬರ ನೆನಪಿನ ಬಲದಿಂದ.

ಸಿಂಹವನ್ನೇ ತೆಗೆದುಕೊಳ್ಳಿ. ಅಸದ್, ಹೈದರ್, ಅಬ್ಬಾಸ್, ಹಂಜಾ, ಉಸಾಮಾ, ಲೈಸ್, ಗಜನ್ಫರ್, ಜೈಗಮ್, ಜೊತೆಗೆ ಪಾರಸಿಯ ಶೇರ್, ತುರ್ಕಿಯ ಅರ್ಸಲಾನ್. ಪಟ್ಟಿಯಲ್ಲಿ ಇವೆಲ್ಲದರ ಎದುರೂ ‘ಸಿಂಹ’ ಎಂದೇ ಬರೆದಿರುತ್ತದೆ. ಅರ್ಥವೇ ಮುಖ್ಯವಾಗಿದ್ದರೆ ಒಂದರ ಜಾಗದಲ್ಲಿ ಇನ್ನೊಂದನ್ನು ಇಟ್ಟರೂ ನಡೆಯಬೇಕು. ನಡೆಯುವುದಿಲ್ಲ. ಹೈದರ್ ಎಂದರೆ ಪ್ರವಾದಿಯವರ ಅಳಿಯ ಅಲಿಯವರ ಬಿರುದು. ಅಬ್ಬಾಸ್ ಎಂದೊಡನೆ ಶಿಯಾ ಮನೆಯವರಿಗೆ ನೆನಪಾಗುವುದು ಕರ್ಬಲಾದಲ್ಲಿ ಬಾಯಾರಿದ ಮಕ್ಕಳಿಗೆ ನೀರು ತರಹೋಗಿ ಮಡಿದ ಹುಸೇನರ ತಮ್ಮ. ಹಂಜಾ ಎಂದರೆ 625ರ ಉಹುದ್ ಕಾಳಗದಲ್ಲಿ ಬಿದ್ದ ಪ್ರವಾದಿಯವರ ಚಿಕ್ಕಪ್ಪ. ಉಸಾಮಾ ಎಂದರೆ ಹದಿಹರೆಯದಲ್ಲೇ ಸೇನಾಪತಿಯಾದ ಜೈದರ ಮಗ. 2001ರ ನಂತರ ಅದೇ ಹೆಸರಿಗೆ ಇನ್ನೊಬ್ಬನ ನೆರಳು ಬಿತ್ತು. ಆ ನೆರಳು ಬಿದ್ದ ಮೇಲೂ ನಿಘಂಟಿನ ಸಿಂಹ ಹಾಗೇ ಇತ್ತು. ಬದಲಾದದ್ದು ಕೇಳುವವರ ಮುಖಭಾವ.

ಇಸ್ಲಾಮಿಗೆ ಮೊದಲಿನ ಅರಬರ ಹೆಸರುಗಳನ್ನು ನೋಡಿದರೆ ಒಳ್ಳೆಯ ಅರ್ಥದ ಹಂಬಲ ಎಷ್ಟು ಹೊಸದು ಎಂಬುದು ತಿಳಿಯುತ್ತದೆ. ಉಸ್ಮಾನ್ ಎಂದರೆ ಎರೆಭೂತದ ಜಾತಿಯ ಹಕ್ಕಿಯ ಮರಿ, ಕೆಲವರ ಪ್ರಕಾರ ಹಾವಿನ ಮರಿ. ತಲ್ಹಾ ಒಂದು ಬಗೆಯ ಜಾಲಿಮರ. ಹಂಜಲಾ ಎಂದರೆ ಹಾವುಮೆಕ್ಕೆ, ಬಾಯಿಗಿಟ್ಟರೆ ಉಗುಳಬೇಕಾದಷ್ಟು ಕಹಿ. ಜಹಶ್ ಕತ್ತೆಮರಿ. ಮುಆವಿಯಾ ಎಂಬುದಕ್ಕೆ ಭಾಷಾಪಂಡಿತರು ಕೊಡುವ ಅರ್ಥ ಊಳಿಡುವ ಹೆಣ್ಣುನಾಯಿ. ಆ ಹೆಸರಿನವರು ಉಮಯ್ಯದ್ ವಂಶದ ಮೊದಲ ಖಲೀಫರಾಗಿ ದಮಾಸ್ಕಸ್ಸಿನಿಂದ ಆಳಿದರು. ಕಿಲಾಬ್, ಅಂದರೆ ನಾಯಿಗಳು, ಪ್ರವಾದಿಯವರ ಕುಲವಾದ ಕುರೈಶರ ಅತಿ ಗೌರವಾನ್ವಿತ ಪೂರ್ವಜರೊಬ್ಬರ ಹೆಸರು. ಇಂಥ ಹೆಸರುಗಳನ್ನು ಆಡಿಕೊಂಡವರು ಆಗಲೂ ಇದ್ದರು. ಅವರಿಗೆ ಉತ್ತರವಾಗಿ ಬಸ್ರಾದಲ್ಲಿ ಹುಟ್ಟಿ ಬಾಗ್ದಾದಿನಲ್ಲಿ 933ರಲ್ಲಿ ತೀರಿಕೊಂಡ ಭಾಷಾಪಂಡಿತ ಇಬ್ನ್ ದುರೈದ್ ಹೆಸರುಗಳ ಮೂಲದ ಬಗ್ಗೆಯೇ ಒಂದು ಗ್ರಂಥ ಬರೆದ. ಅದರಲ್ಲಿ ಒಂದು ಪ್ರಸಂಗ ಬರುತ್ತದೆ. ಅರಬರು ಮಕ್ಕಳಿಗೆ ಒರಟು ಹೆಸರಿಟ್ಟು ಗುಲಾಮರಿಗೆ ಮಾತ್ರ ಚಂದದ ಹೆಸರು ಇಡುವುದೇಕೆ ಎಂದು ಉತ್ಬಿ ಎಂಬಾತನನ್ನು ಕೇಳಿದರಂತೆ. ಮಕ್ಕಳ ಹೆಸರು ಶತ್ರುಗಳಿಗಾಗಿ, ಗುಲಾಮರ ಹೆಸರು ನಮಗಾಗಿ ಎಂದು ಆತ ಹೇಳಿದನಂತೆ.

ಈ ಮಾತಿನ ಎರಡನೆಯ ಅರ್ಧದ ಜಾಡು ಹಿಡಿದರೆ ದಖ್ಖನಿಗೇ ಬರುತ್ತೇವೆ. ಮನೆಯಲ್ಲಿ ಕರೆಯಲು ಹಿತವಾಗಿರಲಿ ಎಂದು ಕೊಂಡುತಂದ ಮನುಷ್ಯರಿಗೆ ಸುಗಂಧದ್ರವ್ಯಗಳ, ರತ್ನಗಳ ಹೆಸರಿಡುವ ರೂಢಿ ಅರಬ್ ಜಗತ್ತಿನಲ್ಲಿ ಬೇರೂರಿತ್ತು. ಕಾಫೂರ್, ಅಂಬರ್, ಸಂದಲ್, ಯಾಕೂತ್, ಮರ್ಜಾನ್, ಜೌಹರ್: ಕರ್ಪೂರ, ತಿಮಿಂಗಿಲದ ಹೊಟ್ಟೆಯಿಂದ ಬರುವ ಸುಗಂಧ, ಗಂಧ, ಮಾಣಿಕ್ಯ, ಹವಳ, ರತ್ನ. ಹತ್ತನೇ ಶತಮಾನದಲ್ಲಿ ಈಜಿಪ್ಟನ್ನು ಆಳಿದ ಕಾಫೂರ್ ಮಾರಾಟವಾಗಿ ಬಂದವನು. ದೇಶವಿದೇಶಗಳ ಊರುಗಳ ಮಹಾಕೋಶ ಬರೆದ ಯಾಕೂತ್ ಗ್ರೀಕ್ ಮೂಲದವನು, ಅವನೂ ಮಾರಾಟವಾಗಿ ಬಂದವನೇ. 1311ರಲ್ಲಿ ಹೊಯ್ಸಳರ ದ್ವಾರಸಮುದ್ರದ ಮೇಲೆ ದಂಡು ತಂದ ಮಲಿಕ್ ಕಾಫೂರನ ಹೆಸರಿಗೂ ನಮ್ಮ ದೇವರ ಮುಂದೆ ಉರಿಯುವ ಕರ್ಪೂರಕ್ಕೂ ಮೂಲ ಒಂದೇ. ಇಥಿಯೋಪಿಯಾದಲ್ಲಿ ಹುಟ್ಟಿ, ಕೈಯಿಂದ ಕೈಗೆ ಮಾರಾಟವಾಗಿ, ಕೊನೆಗೆ ಅಹಮದ್‌ನಗರದ ರಾಜ್ಯವನ್ನೇ ನಡೆಸಿ 1626ರಲ್ಲಿ ತೀರಿಕೊಂಡ ಮಲಿಕ್ ಅಂಬರ್‌ಗೆ ತಾಯಿತಂದೆ ಇಟ್ಟ ಹೆಸರು ಚಾಪು ಎಂದು ಹೇಳುತ್ತಾರೆ. ಅಂಬರ್ ಎಂಬುದು ಒಡೆಯ ಕೊಟ್ಟದ್ದು. ವಿಜಯಪುರದ, ಅಂದರೆ ಹಿಂದಿನ ಬಿಜಾಪುರದ, ಇಬ್ರಾಹಿಂ ರೋಜಾ ಕಟ್ಟಿಸುವ ಹೊಣೆ ಹೊತ್ತವನು ಮಲಿಕ್ ಸಂದಲ್. ಆ ಸಂದಲ್ ಎಂಬ ಅರಬ್ಬಿ ಪದ ನಮ್ಮ ಚಂದನದಿಂದಲೇ ಹೋದದ್ದು. ಭಾರತದಿಂದ ಅರಬ್ಬಿಗೆ ಹೋದ ಪದ ಆಫ್ರಿಕಾದವನೊಬ್ಬನ ಹೆಗಲೇರಿ ಭಾರತಕ್ಕೇ ಮರಳಿತು. ಅದೇ ಊರಿನ ಜಾಮಿಯಾ ಮಸೀದಿಯ ಮಿಹ್ರಾಬನ್ನು ಬಂಗಾರದ ಬಣ್ಣಗಳಿಂದ ಸಿಂಗರಿಸಿದವನು ಯಾಕೂತ್ ದಾಬೂಲಿ.

ಇಲ್ಲಿ ಅರ್ಥಕ್ಕೆ ಬೆಲೆಯಿತ್ತಲ್ಲ ಎಂದು ಯಾರಾದರೂ ಕೇಳಬಹುದು. ಇತ್ತು, ಆದರೆ ತಲೆಕೆಳಗಾಗಿ. ಪರಿಮಳದ ಹೆಸರು ಹೊತ್ತವನಿಗೆ ಹೆಸರಿಡುವ ಹಕ್ಕು ಅವನ ಅಪ್ಪನಿಗೆ ಉಳಿದಿರಲಿಲ್ಲ ಎಂಬ ಸುಳಿವು ಆ ಪರಿಮಳದಲ್ಲೇ ಇರುತ್ತಿತ್ತು. ಈಗ ಅದೂ ಮಾಸಿದೆ. ಶಿರಾದಲ್ಲಿ 17ನೇ ಶತಮಾನದ ಬಿಜಾಪುರ ಸುಬೇದಾರ ಮಲಿಕ್ ರಿಹಾನನ ದರ್ಗಾ ಇದೆ. ರೈಹಾನ್ ಎಂದರೆ ಕಾಮಕಸ್ತೂರಿಯಂಥ ಪರಿಮಳದ ಗಿಡ; ಕುರ್‌ಆನಿನಲ್ಲೂ ಬರುವ ಪದ. ಬಿಜಾಪುರದ ಆಸ್ಥಾನದಲ್ಲಿ ಇಖ್ಲಾಸ್ ಖಾನ್ ಎಂದು ಮೆರೆದ ಹಬಶಿ ಅಧಿಕಾರಿಯ ಮೊದಲ ಹೆಸರೂ ಮಲಿಕ್ ರೈಹಾನ್. ಇಂದು ರಿಹಾನ್, ರೆಹಾನ್ ಎಂಬುದು ಬೆಂಗಳೂರಿನ ನರ್ಸರಿ ಶಾಲೆಗಳಲ್ಲಿ ಸಾಮಾನ್ಯ ಹೆಸರು. ಪಟ್ಟಿ ನೋಡಿ ಇಟ್ಟವರಿಗೆ ಪರಿಮಳ ಮಾತ್ರ ತಿಳಿದಿದೆ. ದೂರುವಂಥದ್ದೇನೂ ಅದರಲ್ಲಿಲ್ಲ, ಆದರೆ ಹೆಸರಿನ ಚರಿತ್ರೆಯ ಅರ್ಧ ಭಾಗ ಪಟ್ಟಿಯ ಹೊರಗೇ ಉಳಿಯಿತು.

ನನ್ನ ವಾದಕ್ಕೆ ದೊಡ್ಡ ಆಕ್ಷೇಪ ಬರುವುದು ಧಾರ್ಮಿಕ ಪರಂಪರೆಯ ಕಡೆಯಿಂದ. ಪ್ರವಾದಿಯವರೇ ಹೆಸರುಗಳ ಅರ್ಥಕ್ಕೆ ಗಮನ ಕೊಟ್ಟರು, ಕೆಟ್ಟ ಅರ್ಥದ ಹೆಸರುಗಳನ್ನು ಬದಲಿಸಿದರು ಎಂದು ಹದೀಸುಗಳು ಹೇಳುತ್ತವೆ. ನಿಜ. ‘ಮಾತು ಕೇಳದವಳು’ ಎಂಬ ಅರ್ಥದ ಆಸಿಯಾ ಎಂಬ ಹೆಸರನ್ನು ಜಮೀಲಾ ಎಂದು ಬದಲಿಸಿದರು. ಹಜ್ನ್, ಅಂದರೆ ಗಡುಸು ನೆಲ, ಎಂಬ ಹೆಸರಿನವನಿಗೆ ಸಹ್ಲ್ ಎಂದು ಕರೆಸಿಕೋ ಎಂದರು, ಮೆತ್ತನೆಯ ನೆಲ ಎಂಬರ್ಥದಲ್ಲಿ. ಆತ ಅಪ್ಪ ಇಟ್ಟ ಹೆಸರನ್ನು ಬಿಡಲು ಒಪ್ಪಲಿಲ್ಲ. ಆ ಗಡುಸು ಆಮೇಲೂ ನಮ್ಮ ಮನೆತನವನ್ನು ಬಿಡಲಿಲ್ಲ ಎಂದು ಅವನ ಮೊಮ್ಮಗ, ಮದೀನಾದ ಹೆಸರಾಂತ ವಿದ್ವಾಂಸ ಸಈದ್, ಹೇಳುತ್ತಿದ್ದರಂತೆ. ಈ ಪುರಾವೆ ಹಗುರವಾದದ್ದಲ್ಲ. ಆದರೆ ಅದೇ ಪರಂಪರೆ ಇನ್ನೆರಡು ಸಂಗತಿಗಳನ್ನೂ ದಾಖಲಿಸಿದೆ. ಬರ್ರಾ, ಅಂದರೆ ಧರ್ಮನಿಷ್ಠೆ, ಎಂಬ ಒಳ್ಳೆಯ ಅರ್ಥದ ಹೆಸರನ್ನೂ ಪ್ರವಾದಿಯವರು ಬದಲಿಸಿದರು; ತನ್ನನ್ನು ತಾನೇ ಹೊಗಳಿಕೊಂಡಂತೆ ಆಗುತ್ತದೆ ಎಂಬುದು ಕಾರಣ. ಇನ್ನು ಹಾವುಮೆಕ್ಕೆಯ ಹಂಜಲಾ, ಜಾಲಿಮರದ ತಲ್ಹಾ, ಹಕ್ಕಿಮರಿಯ ಉಸ್ಮಾನ್, ಊಳಿಡುವ ಮುಆವಿಯಾ ಅವರ ಕಣ್ಣೆದುರೇ ಓಡಾಡುತ್ತಿದ್ದರು, ಯಾರ ಹೆಸರೂ ಬದಲಾಗಲಿಲ್ಲ. ಅಂದರೆ ಅವಮಾನ ಮಾಡುವ, ಜಂಬ ಕೊಚ್ಚುವ, ಬೇರೆ ದೇವರಿಗೆ ಊಳಿಗ ಸಾರುವ ಹೆಸರುಗಳಿಗೆ ಮಾತ್ರ ತಡೆ ಇತ್ತು. ಉಳಿದಂತೆ ಅಪ್ಪ ಅಮ್ಮ ಕರೆದದ್ದೇ ಹೆಸರು. ಇಸ್ಲಾಮಿಗೆ ಬಂದ ಉಮರ್, ಖಾಲಿದ್, ಬಿಲಾಲ್ ಯಾರೂ ಹೊಸ ಹೆಸರು ಪಡೆಯಲಿಲ್ಲ. ಅವರ ಹೆಸರುಗಳು ‘ಮುಸ್ಲಿಂ ಹೆಸರು’ ಆದದ್ದು ಅವರು ಮುಸ್ಲಿಮರಾದ ಮೇಲೆ.

ಬೇರೆ ದೇವರ ಊಳಿಗದ ಮಾತು ಬಂದುದರಿಂದ ಒಂದು ಅಪವಾದವನ್ನು ಒಪ್ಪಲೇಬೇಕು. ‘ಅಬ್ದ್’ ಸೇರಿದ ಹೆಸರುಗಳಲ್ಲಿ ಅರ್ಥ ಇಂದಿಗೂ ಜೀವಂತ. ಹಿಂದೆ ಅಬ್ದ್ ಶಮ್ಸ್, ಸೂರ್ಯನ ದಾಸ, ಇತ್ತು. ಉಜ್ಜಾ ಎಂಬ ದೇವತೆಯ ದಾಸರೂ ಇದ್ದರು. ಇಸ್ಲಾಮಿನ ನಂತರ ಆ ಜಾಗದಲ್ಲಿ ಅಲ್ಲಾಹನ ಹೆಸರುಗಳು ಮಾತ್ರ ಬರಬೇಕು ಎಂಬ ನಿಯಮ ನಿಂತಿತು: ಅಬ್ದುಲ್ ರಹಮಾನ್, ಅಬ್ದುಲ್ ಕರೀಂ, ಅಬ್ದುಲ್ ಖಾದರ್. ಆದ್ದರಿಂದ ‘ಅಬ್ದುಲ್’ ಎಂಬುದು ಬಿಡಿಯಾಗಿ ಹೆಸರೇ ಅಲ್ಲ, ‘ಇಂಥವನ ದಾಸ’ ಎಂಬಲ್ಲಿ ದೇವರನ್ನು ಬಿಟ್ಟು ದಾಸನಷ್ಟೇ ಉಳಿದ ತುಂಡು. ಪಾಸ್‌ಪೋರ್ಟ್ ಅರ್ಜಿ, ಆಫೀಸಿನ ಹಾಜರಿ, ಸಿನಿಮಾದ ಸಂಭಾಷಣೆ ಎಲ್ಲವೂ ಆ ತುಂಡನ್ನೇ ಪೂರ್ತಿ ಹೆಸರೆಂದು ಕರೆಯುತ್ತವೆ. ಆದರೂ ಈ ನಿಯಮಕ್ಕೆ ಒಪ್ಪುವ, ಅಲ್ಲಾಹನ ದಾಸ ಎಂಬರ್ಥದ ಅಬ್ದುಲ್ಲಾ ಎಂಬುದು ಇಸ್ಲಾಮಿಗೆ ಮೊದಲೇ ಇತ್ತು. ಪ್ರವಾದಿಯವರ ತಂದೆಯ ಹೆಸರೇ ಅದು.

ಮುಸ್ಲಿಂ ಹೆಸರೆಂದರೆ ಅರಬ್ಬಿ ಹೆಸರು ಎಂಬ ನಂಬಿಕೆ ಇನ್ನೂ ಸಡಿಲವಾದದ್ದು. ಕವಿ ಖಲೀಲ್ ಗಿಬ್ರಾನ್ ಲೆಬನಾನಿನ ಕ್ರೈಸ್ತ. ಯಹೂದಿ ತತ್ವಜ್ಞಾನಿ ಮೈಮೊನಿಡಿಸ್ ಅರಬ್ಬಿಯಲ್ಲಿ ಮೂಸಾ ಬಿನ್ ಮೈಮೂನ್. ಅತ್ತ ಇಂಡೋನೇಷ್ಯಾದ ಮೊದಲ ಅಧ್ಯಕ್ಷ ಸುಕರ್ಣೊಗೆ ಚಿಕ್ಕಂದಿನಲ್ಲಿ ಕಾಯಿಲೆ ಬಿಡದಿದ್ದಾಗ ಅಪ್ಪ ಹೆಸರು ಬದಲಿಸಿ ಮಹಾಭಾರತದ ಕರ್ಣನ ಹೆಸರಿಟ್ಟರು. ಅದರಿಂದ ಆತನ ಮುಸ್ಲಿಂತನಕ್ಕೆ ಏನೂ ಆಗಲಿಲ್ಲ. ಬಿಜಾಪುರವನ್ನು ಆಳಿದ ಆದಿಲ್‌ಶಾಹಿ ಸುಲ್ತಾನರ ಸಾಲನ್ನು ಓದಿ: ಯೂಸುಫ್, ಇಸ್ಮಾಯಿಲ್, ಮಲ್ಲು, ಇಬ್ರಾಹಿಂ, ಅಲಿ, ಮತ್ತೊಬ್ಬ ಇಬ್ರಾಹಿಂ, ಮುಹಮ್ಮದ್, ಮತ್ತೊಬ್ಬ ಅಲಿ, ಕೊನೆಗೆ 1686ರಲ್ಲಿ ರಾಜ್ಯ ಕಳೆದುಕೊಂಡ ಸಿಕಂದರ್. ಯೂಸುಫ್, ಇಸ್ಮಾಯಿಲ್, ಇಬ್ರಾಹಿಂ ಬೈಬಲ್ಲಿನ ಜೋಸೆಫ್, ಇಷ್ಮಾಯೇಲ್, ಅಬ್ರಹಾಮರೇ. ಸಿಕಂದರ್ ಗ್ರೀಕರ ಅಲೆಕ್ಸಾಂಡರ್. ಆ ಹೆಸರಿನ ಮೊದಲ ‘ಅಲ್’ ಎಂಬುದನ್ನು ತಮ್ಮ ಭಾಷೆಯ ಪೂರ್ವಪ್ರತ್ಯಯವೆಂದು ತಿಳಿದು ಅರಬರು ಕತ್ತರಿಸಿದ್ದರಿಂದ ಉಳಿದ ರೂಪ. ಮಲ್ಲು ಮಾತ್ರ ಮಲ್ಲುವೇ. ಕನ್ನಡ ಸಾಹಿತ್ಯದಲ್ಲೂ ಅದೇ ಹರಹು: ಸಾರಾ ಅಬೂಬಕ್ಕರ್ ಎಂಬಲ್ಲಿ ಸಾರಾ ಹೀಬ್ರೂ, ಅಬೂಬಕ್ಕರ್ ಅರಬ್ಬಿ. ಬಾನು ಮುಷ್ತಾಕ್ ಎಂಬಲ್ಲಿ ಬಾನು ಪಾರಸಿ, ಮುಷ್ತಾಕ್ ಅರಬ್ಬಿ. ಬೊಳುವಾರು ಮಹಮದ್ ಕುಂಞಿ ಎಂಬಲ್ಲಿ ಮೊದಲು ಊರು, ನಡುವೆ ಅರಬಸ್ಥಾನ, ಕೊನೆಗೆ ಕರಾವಳಿಯ ಮನೆಮಾತಿನ ಕೂಸು. ಇವುಗಳಲ್ಲಿ ಯಾವುದು ಹೆಚ್ಚು ಮುಸ್ಲಿಂ ಎಂದು ಭಾಷೆಯ ಮೇಲೆ ತೀರ್ಮಾನಿಸಹೊರಟರೆ ಏನೂ ದಕ್ಕುವುದಿಲ್ಲ.

ಅರಬರಲ್ಲಿ ಒಬ್ಬ ವ್ಯಕ್ತಿಗೆ ಒಂದೇ ಹೆಸರು ಇರುತ್ತಿರಲಿಲ್ಲ ಎಂಬುದೂ ಮರೆಯಬಾರದ ಸಂಗತಿ. ಹುಟ್ಟುಹೆಸರು, ‘ಇಂಥವರ ಅಪ್ಪ’ ಅಥವಾ ‘ಇಂಥವರ ಅಮ್ಮ’ ಎಂಬ ಕರೆಯುವ ಹೆಸರು, ವಂಶ, ಊರು, ಬಿರುದು ಎಲ್ಲ ಸೇರಿ ಪೂರ್ತಿ ಹೆಸರಾಗುತ್ತಿತ್ತು. ಮೊದಲ ಖಲೀಫರ ಹುಟ್ಟುಹೆಸರು ಅಬ್ದುಲ್ಲಾ ಎನ್ನುತ್ತಾರೆ. ಜಗತ್ತು ಬಲ್ಲದ್ದು ಅಬೂಬಕ್ಕರ್ ಎಂದೇ. ‘ದೀನ್’ ಎಂದು ಮುಗಿಯುವ ಹೆಸರುಗಳು ಮೂಲದಲ್ಲಿ ಹುಟ್ಟುಹೆಸರುಗಳೇ ಅಲ್ಲ. ಹತ್ತನೇ ಶತಮಾನದಲ್ಲಿ ಬಾಗ್ದಾದಿನ ಖಲೀಫರು ತಮ್ಮ ಕೈಮೀರಿದ ಸರದಾರರಿಗೆ ‘ರಾಜ್ಯದ ಆಧಾರಸ್ತಂಭ’ ಎಂಬಂಥ ಬಿರುದು ಹಂಚತೊಡಗಿದರು. ರಾಜ್ಯದ ಜಾಗದಲ್ಲಿ ಧರ್ಮ ಬಂದು ಕೂತಾಗ ಸಲಾಹುದ್ದೀನ್, ನಿಜಾಮುದ್ದೀನ್, ಅಲಾವುದ್ದೀನರು ಹುಟ್ಟಿದರು. ಜೆರುಸಲೇಮ್ ಗೆದ್ದ ಸಲಾಹುದ್ದೀನನ ನಿಜ ಹೆಸರು ಯೂಸುಫ್. ಕಲಬುರಗಿಯ ಬಂದೇನವಾಜರ ನಿಜ ಹೆಸರು ಸೈಯದ್ ಮುಹಮ್ಮದ್ ಹುಸೇನಿ. ಬಿರುದು ದೊಡ್ಡವರಿಗೆ ಅಂಟುತ್ತದೆ, ಆಮೇಲೆ ಅದೇ ಮುಂದಿನವರ ಮನೆಯ ತೊಟ್ಟಿಲಿಗೆ ಬರುತ್ತದೆ.

ಇದಕ್ಕೆ ಕರ್ನಾಟಕದಲ್ಲಿ ಸಿಗುವಷ್ಟು ಗಟ್ಟಿ ಪುರಾವೆ ಬೇರೆಡೆ ಸಿಗುವುದು ಕಷ್ಟ. ಖಾದರ್, ಜೀಲಾನಿ, ಮೊಹಿದ್ದೀನ್, ದಸ್ತಗೀರ್, ಮಹಬೂಬ್, ಗೌಸ್. ಪಟ್ಟಿಯ ಪ್ರಕಾರ ಇವು ಕ್ರಮವಾಗಿ ಸರ್ವಶಕ್ತ, ಜೀಲಾನ್ ಪ್ರಾಂತದವನು, ಧರ್ಮಕ್ಕೆ ಮರುಜೀವ ಕೊಟ್ಟವನು, ಕೈ ಹಿಡಿಯುವವನು, ಪ್ರಿಯ, ಮೊರೆಗೆ ಓಗೊಡುವವನು. ಪಟ್ಟಿ ಓದಿದವರಿಗೆ ಒಂದಕ್ಕೊಂದು ಸಂಬಂಧವೇ ಕಾಣದು. ಆದರೆ ಆರೂ ಒಬ್ಬರವೇ. 1166ರಲ್ಲಿ ಬಾಗ್ದಾದಿನಲ್ಲಿ ತೀರಿಕೊಂಡ ಸೂಫಿ ಗುರು ಅಬ್ದುಲ್ ಖಾದಿರ್ ಜೀಲಾನಿಯವರ ಹೆಸರು, ಊರು, ಬಿರುದುಗಳು ಒಡೆದು ಆರು ಹೆಸರಾಗಿವೆ. ಉತ್ತರ ಕರ್ನಾಟಕದ ದಸ್ತಗೀರಸಾಬ, ಮಾಬುಸಾಬ, ಮಾಬೂಬಿ, ಕರಾವಳಿಯ ಮೊಯ್ದಿನ್, ಖಾದರ್, ಎಲ್ಲೆಡೆಯ ಗೌಸ್. ಒಂದೇ ಅರ್ಥದ ಹತ್ತು ಸಿಂಹಗಳು ಬೇರೆ ಬೇರೆ ಜನರನ್ನು ನೆನೆದರೆ, ಆರು ಅರ್ಥದ ಈ ಆರು ಹೆಸರುಗಳು ಒಬ್ಬರನ್ನೇ ನೆನೆಯುತ್ತವೆ. ಈ ಹೆಸರಿಟ್ಟ ಅಜ್ಜಿಯಂದಿರು ಅರಬ್ಬಿ ವ್ಯಾಕರಣ ಕಲಿತವರಲ್ಲ. ಕೂಸು ಯಾರ ಆಸರೆಯಲ್ಲಿದೆ ಎಂಬುದು ಅವರಿಗೆ ಗೊತ್ತಿತ್ತು.

ಟಿಪ್ಪುವಿನ ಹೆಸರು ಇದೇ ದಾರಿಯದು. ಟಿಪ್ಪು ಎಂದರೆ ಕನ್ನಡದಲ್ಲಿ ಹುಲಿ ಎಂದು ಇಂಗ್ಲಿಷಿನವರು ಬರೆದದ್ದನ್ನು ಎಷ್ಟೋ ಪುಸ್ತಕಗಳು ಕಣ್ಣುಮುಚ್ಚಿ ಎತ್ತಿಕೊಂಡವು. ಅಂಥ ಕನ್ನಡ ಪದ ಯಾವ ಕನ್ನಡಿಗನ ಬಾಯಲ್ಲೂ ಇಲ್ಲ. ಹೈದರಲಿ ಮಗನಿಗೆ ಆರ್ಕಾಟಿನ ಟಿಪ್ಪು ಮಸ್ತಾನ್ ಔಲಿಯಾರ ಹೆಸರಿಟ್ಟ, ಅಷ್ಟೆ. ಅರ್ಥ ಬೇಕೇಬೇಕೆಂದು ಹಟ ಹಿಡಿದಾಗ ಇಲ್ಲದ ಅರ್ಥ ಹುಟ್ಟುತ್ತದೆ ಎಂಬುದಕ್ಕೆ ಆ ಹುಲಿಗಿಂತ ಒಳ್ಳೆಯ ಉದಾಹರಣೆ ಬೇಡ.

ವ್ಯಕ್ತಿಯ ನೆನಪೇ ಹೆಸರಿನ ತಿರುಳು ಎಂದಾದರೆ ಆ ಹೆಸರು ಧರ್ಮದ ಬೇಲಿ ದಾಟುವುದರಲ್ಲೂ ಅಚ್ಚರಿ ಇಲ್ಲ. ರಾಯಚೂರು, ಕೊಪ್ಪಳದ ಕಡೆ ಮೊಹರಮ್ಮಿನ ಅಲಾಯಿ ದೇವರಿಗೆ ಹರಕೆ ಹೊತ್ತ ಹಿಂದೂ ಮನೆಗಳಲ್ಲಿ ಹುಸೇನಪ್ಪ, ಹುಸೇನಮ್ಮ ಸಿಗುತ್ತಾರೆ. ಶಿರಹಟ್ಟಿಯ ಫಕೀರೇಶ್ವರ ಮಠದ ಸೀಮೆಯಲ್ಲಿ ಫಕೀರಪ್ಪ, ಫಕೀರಗೌಡರಿಗೆ ಲೆಕ್ಕವಿಲ್ಲ. ಫಕೀರ ಎಂದರೆ ಬಡವ ಎಂದು ಪಟ್ಟಿ ಹೇಳುತ್ತದೆ. ಗೌಡರಾರೂ ಬಡತನ ಹಾರೈಸಿ ಮಗನಿಗೆ ಆ ಹೆಸರಿಟ್ಟಿಲ್ಲ. ಜವಾಹರಲಾಲ್ ನೆಹರೂ ಹೆಸರಿನ ಜವಾಹರ್ ಅರಬ್ಬಿಯ ರತ್ನಗಳೇ ಎಂದು ಅವರ ಅಭಿಮಾನಿಗಳೂ ವಿರೋಧಿಗಳೂ ತಲೆಕೆಡಿಸಿಕೊಂಡದ್ದು ಕಡಿಮೆ.

ಈಗಿನ ತಾಯಿತಂದೆಯರು ಒಳ್ಳೆಯ ಅರ್ಥ ಬಯಸುವುದರಲ್ಲಿ ತಪ್ಪೇನು ಎಂಬುದು ಉಳಿದ ಪ್ರಶ್ನೆ. ತಪ್ಪೇನಿಲ್ಲ, ಆಯ್ಕೆ ಅವರದು. ಜೋಯಾ ಎಂಬ ಹೆಸರು ಗ್ರೀಕಿನಿಂದ ರಷ್ಯಾದ ಮೂಲಕ ಬಂದದ್ದು, ಪಟ್ಟಿಗಳು ಅದನ್ನು ಅರಬ್ಬಿ ಎಂದರೂ ಆ ಹೆಸರಿನ ಹುಡುಗಿಗೆ ನಷ್ಟವೇನಿಲ್ಲ. ನನ್ನ ಆತಂಕ ಬೇರೆ. ಪಟ್ಟಿಯೇ ಅಳತೆಗೋಲಾದಾಗ ಮೊಯ್ದಿನ್, ಮಾಬುಸಾಬ, ಕುಂಞಿ, ಬುಡನ್, ಐಸಮ್ಮ ಇವೆಲ್ಲ ಕೆಟ್ಟುಹೋದ ಅರಬ್ಬಿಯಂತೆ, ತಿದ್ದಬೇಕಾದ ಕಾಗುಣಿತದಂತೆ ಕಾಣತೊಡಗುತ್ತವೆ. ಶಾಲೆಯ ದಾಖಲಾತಿಯಲ್ಲಿ, ಆಧಾರ್ ತಿದ್ದುಪಡಿಯಲ್ಲಿ ಮೊಯ್ದಿನ್ ಮುಹಿಯುದ್ದೀನ್ ಆಗುತ್ತಾನೆ, ಐಸಮ್ಮ ಆಯಿಷಾ ಆಗುತ್ತಾಳೆ. ಶುದ್ಧ ರೂಪವೇ ಧರ್ಮಕ್ಕೆ ಹತ್ತಿರ ಎಂದು ಇದನ್ನು ಸಮರ್ಥಿಸುವವರಿದ್ದಾರೆ. ಆದರೆ ಅವರೇ ಮೆಚ್ಚುವ ಇಬ್ರಾಹಿಂ, ಯೂಸುಫ್, ಸುಲೈಮಾನ್, ಈಸಾ ಎಲ್ಲ ಅರಬರ ನಾಲಿಗೆ ತನಗೆ ಬೇಕಾದಂತೆ ತಿರುಚಿಕೊಂಡ ಪರಭಾಷೆಯ ಹೆಸರುಗಳು. ಅಬ್ರಹಾಮನನ್ನು ಇಬ್ರಾಹಿಂ ಮಾಡಿಕೊಳ್ಳಲು ಅರಬರಿಗಿದ್ದ ಹಕ್ಕು ಮುಹಿಯುದ್ದೀನನ್ನು ಮೊಯ್ದಿನ್ ಮಾಡಿಕೊಂಡ ಕರಾವಳಿಯ ಬ್ಯಾರಿಗಳಿಗೂ, ಮಹಬೂಬನನ್ನು ಮಾಬು ಎಂದು ಕರೆದ ಕಲಬುರಗಿಯವರಿಗೂ ಇದೆ.